ಗಲಿವರನ ಊಟದ ಲೆಕ್ಕ

ಲಿಲಿಪುಟ್ ದೇಶದವರ ಎತ್ತರ ಆರು ಅಂಗುಲವೂ ಇಲ್ಲ. ಅಂಥವರ ನಾಡಿನಲ್ಲಿ ಸಿಕ್ಕಿಬಿದ್ದ ಗಲಿವರನಿಗೆ ದಿನಕ್ಕೆಷ್ಟು ಊಟ ಕೊಡಬೇಕು? ಜೊನಾಥನ್ ಸ್ವಿಫ್ಟ್ 1726ರಲ್ಲಿ ಪ್ರಕಟಿಸಿದ ಕಾದಂಬರಿಯಲ್ಲಿ ಇದು ಆತನ ಪ್ರಾಣದ ಪ್ರಶ್ನೆಯೂ ಹೌದು. ಈ ಬಿಳಿಯಾನೆಯನ್ನು ಸಾಕಿದರೆ ದೇಶಕ್ಕೆ ಕ್ಷಾಮ ಬಂದೀತೆಂದು ಹೆದರಿದ ಆಸ್ಥಾನಿಕರು, ಆತನನ್ನು ಉಪವಾಸ ಕೆಡವಿ ಕೊಲ್ಲುವ ಮಾತನ್ನೂ ಆಡುತ್ತಾರೆ.

ಅಲ್ಲಿನ ಗಣಿತಜ್ಞರ ಲೆಕ್ಕ ಸರಳ. ಗಲಿವರ್ ಎತ್ತರದಲ್ಲಿ ಅವರ 12 ಪಟ್ಟು. ಅಗಲ, ದಪ್ಪಗಳೂ ಅಷ್ಟೇ ಪಟ್ಟು. ಹನ್ನೆರಡನ್ನು ಮೂರು ಸಲ ಗುಣಿಸಿದರೆ 1,728. ಅಷ್ಟು ಮಂದಿಯ ಊಟ ಆತನೊಬ್ಬನಿಗೆ ಬೇಕು.

ಗಣಿತ ಸರಿ, ಜೀವಶಾಸ್ತ್ರ ತಪ್ಪು. ಸ್ವಿಸ್ ಮೂಲದ ವಿಜ್ಞಾನಿ ಮ್ಯಾಕ್ಸ್ ಕ್ಲೈಬರ್ 1932ರಲ್ಲಿ ತೋರಿಸಿಕೊಟ್ಟಂತೆ, ಪ್ರಾಣಿಯ ತೂಕ ಹೆಚ್ಚಿದಷ್ಟೇ ವೇಗದಲ್ಲಿ ಅದು ಬಳಸುವ ಶಕ್ತಿ ಹೆಚ್ಚುವುದಿಲ್ಲ. ತೂಕದ ಮುಕ್ಕಾಲು ಘಾತದಂತೆ ಮಾತ್ರ ಏರುತ್ತದೆ. ಆ ಪ್ರಕಾರ ಗಲಿವರನಿಗೆ ಸುಮಾರು 270 ಮಂದಿಯ ಊಟ ಸಾಕು. ಪಾಪ, ಲಿಲಿಪುಟ್ಟಿನ ಬೊಕ್ಕಸ ಆರು ಪಟ್ಟು ದಂಡ ತೆತ್ತಿತು!

ಚಿಕ್ಕ ದೇಹಕ್ಕೆ ತೂಕದ ಹೋಲಿಕೆಯಲ್ಲಿ ಚರ್ಮ ಹೆಚ್ಚು. ಬಿಸಿರಕ್ತದ ಜೀವಿಯಾದರೆ ಮೈಶಾಖ ಬೇಗ ಸೋರಿಹೋಗುತ್ತದೆ. ಇಲಿ ಸದಾ ಏನನ್ನಾದರೂ ಕಡಿಯುತ್ತಿರುವುದಕ್ಕೆ ಇದೂ ಒಂದು ಕಾರಣ. 65 ಕಿಲೋ ತೂಗುವ ಮನುಷ್ಯನನ್ನು ಆ ಪ್ರಮಾಣಕ್ಕೆ ಕುಗ್ಗಿಸಿದರೆ ಉಳಿಯುವುದು ಸುಮಾರು 38 ಗ್ರಾಂ. ತಿನ್ನುವುದೇ ಕಸುಬಾದ ಇಂಥವರಿಗೆ, ಮೊಟ್ಟೆಯನ್ನು ಯಾವ ತುದಿಯಿಂದ ಒಡೆಯಬೇಕೆಂದು ಯುದ್ಧ ಹೂಡಲು ಪುರುಸೊತ್ತೆಲ್ಲಿ?

ಬ್ರಾಬ್ಡಿಂಗ್‌ನ್ಯಾಗ್‌ನ ದೈತ್ಯರ ಪಾಡು ಇನ್ನೂ ಕಷ್ಟ. ಅವರು ನಮ್ಮ 12 ಪಟ್ಟು ಎತ್ತರ. ತೂಕ 1,728 ಪಟ್ಟು ಏರಿದರೂ ಅದನ್ನು ಹೊರುವ ಮೂಳೆಯ ಅಡ್ಡಕೊಯ್ತದ ವಿಸ್ತಾರ ಏರುವುದು 144 ಪಟ್ಟು ಮಾತ್ರ. ಅಂದರೆ ಮೂಳೆಯ ಪ್ರತಿ ಚದರ ಅಂಗುಲದ ಮೇಲೂ 12 ಪಟ್ಟು ಭಾರ. ಸ್ವಿಫ್ಟ್‌ಗಿಂತ 88 ವರ್ಷ ಮೊದಲೇ, 1638ರ ತನ್ನ ಗ್ರಂಥದಲ್ಲಿ, ಗೆಲಿಲಿಯೋ ಈ ಮಾತನ್ನು ವಿವರಿಸಿದ್ದ. ಮುಂದೆ ಭಾರತಕ್ಕೆ ಬಂದು ನೆಲೆಸಿ, 1964ರಲ್ಲಿ ಭುವನೇಶ್ವರದಲ್ಲಿ ತೀರಿಕೊಂಡ ಜೆ.ಬಿ.ಎಸ್. ಹಾಲ್ಡೇನ್ 1926ರ ಪ್ರಬಂಧವೊಂದರಲ್ಲಿ ಇದನ್ನೇ ಮುಂದುವರಿಸಿದರು: ಮನುಷ್ಯನ ತೊಡೆಮೂಳೆ ದೇಹತೂಕದ ಸುಮಾರು ಹತ್ತು ಪಟ್ಟು ಭಾರಕ್ಕೆ ಮುರಿಯುತ್ತದೆ. ಹಾಗಾದರೆ ಆ ದೈತ್ಯರು ಮೊದಲ ಹೆಜ್ಜೆಗೇ ಕುಸಿಯಬೇಕು. ಆನೆಯ ಕಾಲು ಜಿಂಕೆಯ ಕಾಲಿನ ದೊಡ್ಡ ಪ್ರತಿಯಾಗಿರದೆ ಕಂಬದಂತಿರುವುದು ಸುಮ್ಮನೆ ಅಲ್ಲ.

ನೂರು ಟನ್ನಿಗೂ ಮೀರಿ ತೂಗುವ ನೀಲಿ ತಿಮಿಂಗಿಲ ಬದುಕಿದೆಯಲ್ಲ ಎಂದರೆ, ಅದರ ಭಾರವನ್ನು ಹೊರುವುದು ನೀರು. ಬ್ರಾಬ್ಡಿಂಗ್‌ನ್ಯಾಗ್‌ನ ರಾಜನೂ ಹೆಚ್ಚುಕಡಿಮೆ ಅಷ್ಟೇ ತೂಗುತ್ತಿದ್ದ. ಆತನ ಸಿಂಹಾಸನವನ್ನು ಕಡಲಲ್ಲೇ ಹಾಕಬೇಕಿತ್ತು.