ಆಟದ ತಟ್ಟೆಗೊಂದು ಪ್ರತಿ

ಹರಪನಹಳ್ಳಿಯ ಸಮೀಪದ ಬಾಗಳಿಯ ಕಲ್ಲೇಶ್ವರ ದೇವಾಲಯದಲ್ಲಿ ಹಲವು ಶಾಸನಗಳುಂಟು. ಇಂಥ ಶಾಸನಗಳ ಮೇಲೆ ಒದ್ದೆ ಕಾಗದವನ್ನು ಅದುಮಿ, ಮಸಿ ತಟ್ಟಿ, ವಿದ್ವಾಂಸರು ಅಚ್ಚು ತೆಗೆಯುವರು. ಕಲ್ಲು ಸವೆದರೂ ಬರಹ ಉಳಿಯಬೇಕಲ್ಲವೆ? ಹಣ ತೆತ್ತು ಕೊಂಡ ವಿಡಿಯೋ ಆಟದ ತಟ್ಟೆಗೂ ಹೀಗೆಯೇ ಪ್ರತಿ ತೆಗೆಯಬಹುದೆ?

ಸಿ.ಡಿ. ತಟ್ಟೆಯೂ ಒಂದು ಬಗೆಯ ಶಾಸನವೇ. ಅದರಲ್ಲಿ ಸೂಕ್ಷ್ಮ ಗುಳಿಗಳ ಸುರುಳಿಸಾಲೊಂದು ಅಚ್ಚಾಗಿರುವುದು. ಸುತ್ತಿನಿಂದ ಸುತ್ತಿಗೆ ಇರುವ ಅಂತರ ಮಿಲಿಮೀಟರಿನ ಸುಮಾರು ಆರುನೂರನೆಯ ಒಂದು ಪಾಲು ಮಾತ್ರ. 780 ನ್ಯಾನೊಮೀಟರ್ ತರಂಗಾಂತರದ ಲೇಸರ್ ಕಿರಣವು ಪ್ರತಿಫಲಿಸಿ ಈ ಬರಹವನ್ನು ಓದುವುದು. ನಾವು ಬರೆದುಕೊಳ್ಳುವ ತಟ್ಟೆಯಲ್ಲಾದರೋ ಅಚ್ಚಿನ ಗುಳಿಗಳಿಲ್ಲ. ಲೇಸರಿನ ಕಾವಿಗೆ ಬಣ್ಣದ ಪದರವೇ ಮಾರ್ಪಟ್ಟು ಗುರುತಾಗುವುದು. ಆದುದರಿಂದಲೇ ನಮ್ಮ ಸೀಮೆಯ ಬಿಸಿಲಿಗೆ ಅದನ್ನು ಒಡ್ಡಬಾರದು.

ಆದರೆ 1994ರಲ್ಲಿ ಹೊರಬಂದ ಪ್ಲೇಸ್ಟೇಷನ್ ಯಂತ್ರವು ಇಂಥ ಪ್ರತಿಯನ್ನು ಒಪ್ಪದು. ಏಕೆ? ಮೂಲ ತಟ್ಟೆಯ ನಡುಭಾಗದ ಬಳಿ ಸುರುಳಿಸಾಲು ಅತಿಸೂಕ್ಷ್ಮವಾಗಿ ಓಲಾಡುವುದು. ಆ ಓಲಾಟದಲ್ಲೇ ಗುರುತಿನ ಅಕ್ಷರಗಳು ಅಡಗಿವೆ. ಸಾಮಾನ್ಯ ಸಾಧನವು ಗುಳಿಗಳ ಅಂಕಿಗಳನ್ನು ನಕಲಿಸಬಲ್ಲುದೇ ಹೊರತು ಓಲಾಟವನ್ನಲ್ಲ. ಕಾಗದದ ಅಚ್ಚು ಅಕ್ಷರವನ್ನು ತರುವುದು, ಕಲ್ಲನ್ನು ತಾರದು.

ಕಾನೂನು ಏನೆನ್ನುವುದು? 1957ರ ಕೃತಿಸ್ವಾಮ್ಯ ಅಧಿನಿಯಮದ 52ನೆಯ ಪ್ರಕರಣವು, ಗಣಕದ ಕ್ರಮವಿಧಿಯನ್ನು ನ್ಯಾಯವಾಗಿ ಪಡೆದವನು ನಷ್ಟ, ನಾಶಗಳಿಂದ ರಕ್ಷಣೆಗಾಗಿ ಪ್ರತಿ ಮಾಡಿಕೊಳ್ಳಲು ಅವಕಾಶವಿತ್ತಿದೆ. ಆದರೆ ಹಕ್ಕನ್ನು ಉಲ್ಲಂಘಿಸುವ ಉದ್ದೇಶದಿಂದ ರಕ್ಷಣಾ ಬೀಗವನ್ನು ಮುರಿಯುವುದು, 2012ರಲ್ಲಿ ಸೇರಿಸಿದ 65ಎ ಪ್ರಕರಣದಂತೆ ಅಪರಾಧ. ಪ್ರತಿಯಿರುವುದು ಕಾಪಿಡುವುದಕ್ಕೆ, ಹಂಚುವುದಕ್ಕಾಗಲಿ ಮಾರುವುದಕ್ಕಾಗಲಿ ಅಲ್ಲ.