ನಿವೃತ್ತ ಕೋವಿಗಾರರಿಗೇ ಮತ್ತೆ ಕರೆ: ‘ಆನೆ ವೆಂಕಟೇಶ್’ ಸಾವು ಎತ್ತಿದ ಪ್ರಶ್ನೆ

ಹಾಸನ: ನಿವೃತ್ತಿಯ ನಂತರವೂ ಅರಣ್ಯ ಇಲಾಖೆ ಅವರನ್ನು ಬಿಟ್ಟಿರಲಿಲ್ಲ. ಕಾಡಾನೆಗೆ ಅರಿವಳಿಕೆ ಮದ್ದು ಹೊಡೆಯಬೇಕಾದಾಗ ಅವರಿಗೇ ಕರೆ ಬರುತ್ತಿತ್ತು. 2023ರ ಆಗಸ್ಟ್ 31ರಂದು ಬಂದ ಕರೆಯೇ ಕೊನೆಯದಾಯಿತು.

ಅಂದು ಆಲೂರು ತಾಲ್ಲೂಕಿನ ಹಳ್ಳಿಯೂರು ಬಳಿ ಗಾಯಗೊಂಡಿದ್ದ ‘ಭೀಮ’ ಎಂಬ ಸಲಗವನ್ನು ಹುಡುಕಿ ಚಿಕಿತ್ಸೆ ನೀಡಲು ಇಲಾಖೆಯ ತಂಡ ತೆರಳಿತ್ತು. ಶಾರ್ಪ್‌ಶೂಟರ್ ವೆಂಕಟೇಶ್ ಮದ್ದು ಹೊಡೆಯುತ್ತಿದ್ದಂತೆಯೇ ಸಲಗ ಅವರತ್ತ ತಿರುಗಿಬಿದ್ದಿತು. ಓಡುವಾಗ ಬಿದ್ದ ಅವರು ಆನೆಯ ತುಳಿತಕ್ಕೆ ಸಿಕ್ಕಿ ಮೃತಪಟ್ಟರು. ಜನರ ಬಾಯಲ್ಲಿ ಅವರು ‘ಆನೆ ವೆಂಕಟೇಶ್’ ಎಂದೇ ಹೆಸರಾಗಿದ್ದರು.

ಅರವತ್ತು ದಾಟಿದ ವ್ಯಕ್ತಿಯನ್ನು ಇಂತಹ ಕೆಲಸಕ್ಕೆ ಮತ್ತೆ ಕರೆಯುವ ಅನಿವಾರ್ಯತೆ ಏಕೆ ಉಂಟಾಗುತ್ತದೆ? ಉತ್ತರ ಆ ಕೆಲಸದ ಸ್ವರೂಪದಲ್ಲಿಯೇ ಇದೆ.

ಗುಂಡಲ್ಲ, ಸಿರಿಂಜು

ಈ ಕೋವಿಯಿಂದ ಹೊರಡುವುದು ಗುಂಡಲ್ಲ, ಮದ್ದು ತುಂಬಿದ ಸಿರಿಂಜು. ಅನಿಲದ ಒತ್ತಡದಿಂದ ಚಿಮ್ಮುವ ಅದು ಹೆಚ್ಚು ದೂರ ಸಾಗದು. ಹೀಗಾಗಿ ಕೋವಿಗಾರರು ಆನೆಗೆ ಕೆಲವೇ ಹತ್ತು ಮೀಟರ್‌ಗಳಷ್ಟು ಸಮೀಪಕ್ಕೆ ಹೋಗಬೇಕು. ಸೊಂಟದ ಹಿಂಭಾಗ ಅಥವಾ ಭುಜದ ದಪ್ಪ ಸ್ನಾಯುವಿಗೇ ಸೂಜಿ ನಾಟಬೇಕು.

ನಾಟಿದ ಕೂಡಲೇ ಆನೆ ಮಲಗುವುದಿಲ್ಲ. ಮದ್ದು ಏರಲು ಹಲವು ನಿಮಿಷಗಳು ಬೇಕು. ನೋವಿನಿಂದ ಕೆರಳಿದ ಆನೆಯ ಎದುರು ಆ ನಿಮಿಷಗಳೇ ಅತ್ಯಂತ ಅಪಾಯಕಾರಿ.

ಮದ್ದಿನ ಪ್ರಮಾಣವೂ ಸೂಕ್ಷ್ಮ ವಿಷಯ. ಕಾಡಾನೆಯನ್ನು ತೂಕಕ್ಕೆ ನಿಲ್ಲಿಸಲಾಗದು. ಕಣ್ಣಂದಾಜಿನಲ್ಲಿಯೇ ಲೆಕ್ಕ ಹಾಕಬೇಕು. ಮುಂಗಾಲಿನ ಹೆಜ್ಜೆಯ ಸುತ್ತಳತೆಯನ್ನು ಇಮ್ಮಡಿಗೊಳಿಸಿದರೆ ಆನೆಯ ಎತ್ತರ ಹೆಚ್ಚುಕಡಿಮೆ ತಿಳಿಯುತ್ತದೆ ಎಂಬುದು ಹಳಬರ ಲೆಕ್ಕ. ಮದ್ದು ಕಡಿಮೆಯಾದರೆ ಆನೆ ತಿರುಗಿಬೀಳುತ್ತದೆ, ಹೆಚ್ಚಾದರೆ ಅದರ ಪ್ರಾಣಕ್ಕೇ ಕುತ್ತು. ಎದೆ ಊರಿ ಕುಸಿದರೆ ಉಸಿರಾಟಕ್ಕೆ ತೊಂದರೆಯಾಗುವುದರಿಂದ ಪಕ್ಕಕ್ಕೆ ಹೊರಳಿಸಬೇಕಾಗುತ್ತದೆ. ಗಾಳಿಯ ದಿಕ್ಕು, ಕಿವಿಯ ಚಲನೆ, ಹಿಂದೆ ಸರಿಯುವ ದಾರಿ ಇವೆಲ್ಲವನ್ನೂ ಗಮನಿಸುವ ಕಲೆ ಪುಸ್ತಕದಿಂದ ಬರುವಂಥದ್ದಲ್ಲ. ಇದೇ ಕಾರಣಕ್ಕೆ ಹಳಬರಿಗೆ ಬೇಡಿಕೆ.

ಹೆಚ್ಚಿದ ಸಂಘರ್ಷ

2023ರ ಗಣತಿಯಂತೆ ರಾಜ್ಯದಲ್ಲಿ ಅಂದಾಜು 6,395 ಆನೆಗಳಿದ್ದವು. ಆಲೂರು, ಸಕಲೇಶಪುರ ಭಾಗದ ಕಾಫಿ ತೋಟಗಳಲ್ಲಿಯೇ ಅನೇಕ ಆನೆಗಳು ಬೀಡುಬಿಟ್ಟಿವೆ. ಹೈಕೋರ್ಟ್ ಸೂಚನೆಯಂತೆ ರಚನೆಯಾಗಿದ್ದ ಆನೆ ಕಾರ್ಯಪಡೆ 2012ರಲ್ಲಿ ಈ ಭಾಗದ ಆನೆಗಳನ್ನು ಸ್ಥಳಾಂತರಿಸಲು ಶಿಫಾರಸು ಮಾಡಿತ್ತು. ಅದರಂತೆ 22 ಆನೆಗಳನ್ನು ಸೆರೆಹಿಡಿಯಲಾಯಿತಾದರೂ ಸಮಸ್ಯೆ ಬಗೆಹರಿಯಲಿಲ್ಲ. 2022ರ ಕೊನೆಯಲ್ಲಿ ಹಾಸನ ಸೇರಿದಂತೆ ಬಾಧಿತ ಜಿಲ್ಲೆಗಳಿಗೆ ಪ್ರತ್ಯೇಕ ಆನೆ ಕಾರ್ಯಪಡೆಗಳನ್ನು ಸರ್ಕಾರ ರಚಿಸಿತು. ಆನೆಗಳ ಚಲನವಲನದ ಮೇಲೆ ನಿಗಾ ಇಡುವುದು, ಗ್ರಾಮಸ್ಥರನ್ನು ಎಚ್ಚರಿಸುವುದು ಈ ಪಡೆಗಳ ಕೆಲಸ. ಆದರೆ ಕೋವಿ ಹಿಡಿದು ಸಲಗದ ಹತ್ತಿರ ಹೋಗಬಲ್ಲವರು ಬೆರಳೆಣಿಕೆಯಷ್ಟೇ.

ವೆಂಕಟೇಶ್ ಸಾವಿನ ಬಳಿಕ ನಾಲ್ಕು ತಿಂಗಳೂ ಕಳೆದಿರಲಿಲ್ಲ. 2023ರ ಡಿಸೆಂಬರ್ 4ರಂದು ಸಕಲೇಶಪುರ ತಾಲ್ಲೂಕಿನ ಯಸಳೂರು ವಲಯದಲ್ಲಿ ನಡೆದ ಕಾರ್ಯಾಚರಣೆಯಲ್ಲಿ, ಎಂಟು ಬಾರಿ ದಸರಾ ಅಂಬಾರಿ ಹೊತ್ತಿದ್ದ ಅರ್ಜುನ ಕಾಡಾನೆಯೊಂದಿಗೆ ಕಾದಾಡಿ ಅಸುನೀಗಿತು. ಅದೂ ವಯಸ್ಸಾಗಿದ್ದ ಆನೆಯೇ.

ಎರಡೂ ಘಟನೆಗಳು ಹೇಳುವುದು ಒಂದನ್ನೇ. ಇಳಿವಯಸ್ಸಿನವರ ಅನುಭವವನ್ನು ಇಲಾಖೆ ಬಳಸಿಕೊಳ್ಳುತ್ತಿದೆಯೇ ವಿನಾ ಅದನ್ನು ಕಿರಿಯರಿಗೆ ದಾಟಿಸುವ ವ್ಯವಸ್ಥೆ ಸಾಲದು. ಹಳಬರನ್ನು ಕೋವಿ ಹಿಡಿಯಲು ಕರೆಯುವ ಬದಲು ಕಲಿಸಲು ಕರೆದಿದ್ದರೆ, ಹಳ್ಳಿಯೂರಿನಲ್ಲಿ ಅಂದು ಸಲಗದ ಮುಂದೆ ನಿಲ್ಲಬೇಕಾದವರು ಬೇರೆಯೇ ಆಗಿರುತ್ತಿದ್ದರು.