ಬೆಕ್ಕಿನ ಹಾಸು: ಪೇಟೆಯ ಹೊಸ ಸರಕು, ಹೊಲದ ಹಳೆಯ ದಿಂಡು



ಮನೆ ಕಟ್ಟಲು ತಂದು ಸುರಿದ ಮರಳಿನ ರಾಶಿಯನ್ನು ಮೊದಲು ಬಳಸುವುದು ಗಾರೆ ಕೆಲಸದವನಲ್ಲ, ಊರ ಬೆಕ್ಕು. ಮುಂಗಾಲಿನಿಂದ ಕೆದರಿ ಸಣ್ಣ ಗುಂಡಿ ತೋಡುತ್ತದೆ, ತನ್ನ ಕೆಲಸ ಮುಗಿಸುತ್ತದೆ, ಮತ್ತೆ ಮುಚ್ಚಿ ಹೋಗುತ್ತದೆ. ಮರಳಿಲ್ಲದಿದ್ದರೆ ಒಲೆಯ ಬೂದಿ. ಬೂದಿಯೂ ಇಲ್ಲದಿದ್ದರೆ ನೀವು ಹದ ಮಾಡಿಟ್ಟ ಸಸಿ ಮಡಿ. ಹಳ್ಳಿಯಲ್ಲಿ ಇದಕ್ಕಾಗಿ ಯಾರೂ ಹಣ ಖರ್ಚು ಮಾಡುವುದಿಲ್ಲ. ನಗರದ ಬಹುಮಹಡಿ ಮನೆಗಳಲ್ಲಿ ಹಾಗಲ್ಲ. ಅಲ್ಲಿ ಬೆಕ್ಕು ನೆಲಕ್ಕೆ ಇಳಿಯುವುದೇ ಇಲ್ಲ. ಮೂಲೆಯಲ್ಲೊಂದು ತಟ್ಟೆ, ಅದರ ತುಂಬ ಅಂಗಡಿಯಿಂದ ತಂದ ಹರಳು. ಈ ಹರಳಿಗೆ 'ಕ್ಯಾಟ್ ಲಿಟರ್' ಎಂದು ಹೆಸರು. ಕೋಳಿ ಮನೆಯಲ್ಲಿ ನೆಲಕ್ಕೆ ಹರಡುವ ಹೊಟ್ಟಿಗೆ ನಾವು 'ಹಾಸು' ಎನ್ನುವಂತೆ ಇದನ್ನು 'ಬೆಕ್ಕಿನ ಹಾಸು' ಎನ್ನಬಹುದು.

ಬೆಕ್ಕಿನ ಹಾಸಿಗೂ ಬೇಸಾಯಗಾರನಿಗೂ ಏನು ಸಂಬಂಧವೆಂದು ನೀವು ಕೇಳಬಹುದು. ಸಂಬಂಧ ಎರಡು ಬಗೆಯದು. ಮೆಕ್ಕೆಜೋಳದ ದಿಂಡು, ಸೋಯಾ ಚರಟ, ಮರದ ಹೊಟ್ಟು ಮುಂತಾದ ಹೊಲ-ಕಾರ್ಖಾನೆಗಳ ಉಳಿಕೆಗಳು ಇಂದು ಹಲವು ದೇಶಗಳಲ್ಲಿ ಬೆಕ್ಕಿನ ಹಾಸಾಗಿ ಮಾರಾಟವಾಗುತ್ತಿವೆ. ಇದು ಒಂದು. ಬಳಸಿ ಎಸೆದ ಹಾಸು ಗೊಬ್ಬರದ ಮೂಲಕ ಹೊಲಕ್ಕೆ ಬಂದರೆ ಕುರಿ, ಮೇಕೆ ಮತ್ತು ಮನೆಯ ಗರ್ಭಿಣಿಯರಿಗೆ ಅಪಾಯವಾಗಬಹುದು. ಇದು ಎರಡನೆಯದು. ಎರಡನ್ನೂ ತಿಳಿದಿರುವುದು ಒಳ್ಳೆಯದು.

ಸರಕು ಹುಟ್ಟಿದ ಬಗೆ

ಇದು ಹುಟ್ಟಿದ್ದು ಅಮೆರಿಕದ ಮಿಶಿಗನ್ ರಾಜ್ಯದ ಕ್ಯಾಸೊಪೊಲಿಸ್ ಎಂಬ ಸಣ್ಣ ಊರಿನಲ್ಲಿ, 1947ರ ಚಳಿಗಾಲದಲ್ಲಿ. ಎಡ್ವರ್ಡ್ ಲೋ ಎಂಬ ಯುವಕನ ತಂದೆ ಮರದ ಹೊಟ್ಟು, ಮರಳು ಮತ್ತು ಎಣ್ಣೆ ಹೀರುವ ಜೇಡಿಯ ವ್ಯಾಪಾರಿ. ನೆರೆಮನೆಯ ಹೆಂಗಸು ಬೆಕ್ಕಿಗಾಗಿ ಮರಳು ಕೇಳಿಕೊಂಡು ಬಂದಳು. ಆಕೆಯ ಮರಳು ಚಳಿಗೆ ಹೆಪ್ಪುಗಟ್ಟಿತ್ತು. ಬೂದಿ ಹಾಕಿದರೆ ಮನೆಯೆಲ್ಲ ಕಪ್ಪು ಹೆಜ್ಜೆ. ಲೋ ಮರಳಿನ ಬದಲು ಒಣಗಿಸಿ ಹರಳಾಗಿಸಿದ ಜೇಡಿಯನ್ನು ಕೊಟ್ಟ. ನಾವು ಮುಲ್ತಾನಿ ಮಿಟ್ಟಿ ಎನ್ನುವ ಮಣ್ಣಿನ ಜಾತಿಯೇ ಅದು. ಕೆಲವು ದಿನಗಳಲ್ಲಿ ಆಕೆ ಮತ್ತೆ ಅದನ್ನೇ ಕೇಳಿಕೊಂಡು ಬಂದಳು.

ಲೋ 5 ಪೌಂಡಿನ, ಅಂದರೆ ಸುಮಾರು 2.25 ಕಿ.ಗ್ರಾಂ ತೂಕದ ಚೀಲಗಳನ್ನು ತುಂಬಿ, 65 ಸೆಂಟ್ ಬೆಲೆ ಇಟ್ಟ. ಅಂಗಡಿಯವನು ನಂಬಲಿಲ್ಲ, ಪುಕ್ಕಟೆ ಸಿಗುವಂಥ ಮರಳು ಇರುವಾಗ ಮಣ್ಣಿಗೆ ಯಾರು ದುಡ್ಡು ಕೊಡುತ್ತಾರೆ ಎಂದ. ಹಾಗಾದರೆ ಸುಮ್ಮನೆ ಹಂಚಿ ಎಂದ ಲೋ. ಪುಕ್ಕಟೆ ಒಯ್ದವರು ಹಣ ಕೊಟ್ಟು ಕೊಳ್ಳಲು ಮರಳಿ ಬಂದರು. 1995ರಲ್ಲಿ ಲೋ ತೀರಿಕೊಳ್ಳುವ ಹೊತ್ತಿಗೆ ಇದು ದೊಡ್ಡ ಉದ್ಯಮವಾಗಿ ಬೆಳೆದಿತ್ತು. ಕೊಳ್ಳುವವನ ನಿಜವಾದ ತೊಂದರೆಯನ್ನು ನಿವಾರಿಸುವ ವಸ್ತು ಎಷ್ಟೇ ಅಗ್ಗದ್ದಾಗಿ ಕಂಡರೂ ಅದಕ್ಕೆ ಪೇಟೆ ಇದೆ ಎಂಬುದನ್ನು ಇದರಿಂದ ಗಮನಿಸಬೇಕು.

ಜೇಡಿ ಗಟ್ಟಿಯಾಗುವುದೇಕೆ?

ಮೊದಲಿನ ಜೇಡಿ ಮೂತ್ರವನ್ನು ಹೀರುತ್ತಿತ್ತು, ಅಷ್ಟೆ. ವಾರಕ್ಕೊಮ್ಮೆ ತಟ್ಟೆಯನ್ನು ಪೂರ್ತಿ ಬರಿದು ಮಾಡಬೇಕಾಗುತ್ತಿತ್ತು. 1984ರಲ್ಲಿ ಥಾಮಸ್ ನೆಲ್ಸನ್ ಎಂಬ ಜೀವರಸಾಯನ ವಿಜ್ಞಾನಿ ಬೆಂಟೊನೈಟ್ ಜೇಡಿಯ ಒಂದು ಗುಣವನ್ನು ಬಳಕೆಗೆ ತಂದರು. ಅದು ಒದ್ದೆಯಾದ ಕಡೆ ಮಾತ್ರ ಉಂಡೆ ಕಟ್ಟುತ್ತದೆ. ಉಂಡೆಯನ್ನು ಜಾಲರಿ ಸೌಟಿನಿಂದ ಎತ್ತಿ ಎಸೆದರೆ ಉಳಿದದ್ದು ಶುಚಿಯಾಗಿರುತ್ತದೆ.

ಎರೆ ಭೂಮಿಯಲ್ಲಿ ಬೇಸಾಯ ಮಾಡುವವರಿಗೆ ಇದನ್ನು ಹೆಚ್ಚು ವಿವರಿಸಬೇಕಾಗಿಲ್ಲ. ಬೆಂಟೊನೈಟಿನ ಮುಖ್ಯ ಖನಿಜ ಮಾಂಟ್‌ಮೊರಿಲೊನೈಟ್. ನಮ್ಮ ಎರೆ ಮಣ್ಣಿನಲ್ಲಿ ಹೇರಳವಾಗಿರುವುದೂ ಇದೇ ಗುಂಪಿನ ಖನಿಜ. ಮಳೆ ಬಿದ್ದಾಗ ಮಣ್ಣು ಉಬ್ಬಿ ಕಾಲಿಗೆ ಅಂಟುವುದು, ಬೇಸಿಗೆಯಲ್ಲಿ ಕುಗ್ಗಿ ಬಿರುಕು ಬಿಡುವುದು ಇದರಿಂದಲೇ. ಸೋಡಿಯಂ ಹೆಚ್ಚಿದ್ದರೆ ಉಬ್ಬರ ಇನ್ನೂ ಹೆಚ್ಚು. ಸೋಡಿಯಂ ಬೆಂಟೊನೈಟ್ ತನ್ನ ಒಣ ಗಾತ್ರದ ಹಲವು ಪಟ್ಟು ಉಬ್ಬಬಲ್ಲದು. ಕೃಷಿ ಹೊಂಡದ ತಳದಲ್ಲಿ ನೀರು ಇಂಗದಂತೆ ತಡೆಯಲು ಇದನ್ನು ಬಳಸುವುದೂ ಈ ಗುಣಕ್ಕಾಗಿಯೇ.

ವಾಸನೆಯ ಕಾರಣವೂ ನಿಮಗೆ ಪರಿಚಿತವಾದದ್ದೇ. ಬೆಕ್ಕು ಮರುಭೂಮಿಯ ಪ್ರಾಣಿಯ ಸಂತತಿ. ನೀರು ಕಡಿಮೆ ಕುಡಿದು ಗಾಢವಾದ ಮೂತ್ರ ಮಾಡುತ್ತದೆ. ಅದರಲ್ಲಿರುವ ಯೂರಿಯಾವನ್ನು ಸೂಕ್ಷ್ಮಾಣುಗಳು ಅಮೋನಿಯವಾಗಿ ಒಡೆಯುತ್ತವೆ. ತೇವವಿರುವ ನೆಲದ ಮೇಲೆ ಯೂರಿಯಾ ಎರಚಿ ಮಣ್ಣು ಮುಚ್ಚದೆ ಬಿಟ್ಟರೆ ಸಾರಜನಕ ಗಾಳಿಗೆ ಹೋಗುವುದೂ ಹೀಗೆಯೇ. ತೇವವನ್ನು ಬೇಗ ಹೀರಿ ಹಿಡಿದಿಡುವ ಹಾಸು ಈ ಕ್ರಿಯೆಯನ್ನು ತಡಮಾಡುತ್ತದೆ.

ಕೊಳ್ಳುವವರ ರೂಢಿ

ಈ ಸರಕಿಗೆ ಗಿರಾಕಿಗಳು ಇಬ್ಬರು: ಹಣ ಕೊಡುವ ಯಜಮಾನ ಮತ್ತು ಬಳಸುವ ಬೆಕ್ಕು. ಯಜಮಾನನಿಗೆ ಬೇಕಾದುದು ಗಟ್ಟಿ ಉಂಡೆ, ಕಡಿಮೆ ಧೂಳು, ಕಡಿಮೆ ವಾಸನೆ, ಹೊರಲು ಹಗುರ. ಬೆಕ್ಕು ಸಾಮಾನ್ಯವಾಗಿ ಬಯಸುವುದು ಕಾಲಿಗೆ ಮರಳಿನಂತೆ ನುಣುಪಾದ ಸಣ್ಣ ಹರಳು. ಸುಗಂಧ ಬೆರೆಸಿದ ಹಾಸನ್ನು ಅನೇಕ ಬೆಕ್ಕುಗಳು ಮೂಸಿ ಬಿಟ್ಟುಬಿಡುತ್ತವೆ. ಹಾಸನ್ನು ಒಮ್ಮೆಲೇ ಬದಲಿಸಿದರೆ ತಟ್ಟೆ ಬಿಟ್ಟು ಹಾಸಿಗೆಯ ಮೇಲೆ ಹೋಗುವುದೂ ಉಂಟು. ಆದ್ದರಿಂದ ಒಂದು ಬಗೆಗೆ ಒಗ್ಗಿದ ಮನೆಯವರು ಅದನ್ನು ಸುಲಭವಾಗಿ ಬಿಡುವುದಿಲ್ಲ. ಹೊಸದಾಗಿ ಪೇಟೆಗೆ ಇಳಿಯುವವರು ಇದನ್ನು ನೆನಪಿಡಬೇಕು.

ನಮ್ಮ ದೇಶದ ನಗರಗಳಲ್ಲಿಯೂ ಮನೆಯೊಳಗೆ ಬೆಕ್ಕು ಸಾಕುವವರು ಈಗ ಸಾಕಷ್ಟು ಮಂದಿ ಇದ್ದಾರೆ. ಬೆಂಗಳೂರಿನ ಅಂಗಡಿಗಳಲ್ಲಿ ಬೆಂಟೊನೈಟ್ ಹಾಸು ಚೀಲಗಳಲ್ಲಿ ದೊರೆಯುತ್ತದೆ. ಗುಜರಾತಿನ ಕಛ್ ಜಿಲ್ಲೆ ಬೆಂಟೊನೈಟ್ ಗಣಿಗಳಿಗೆ ಹೆಸರಾದದ್ದು. ಅಲ್ಲಿಂದ ಹೊರದೇಶಗಳಿಗೂ ರಫ್ತಾಗುತ್ತದೆ.

ಪರಿಸರದ ಲೆಕ್ಕ

ಜೇಡಿ ಅಗ್ಗ, ಕೆಲಸಕ್ಕೂ ಒಳ್ಳೆಯದು. ಆದರೆ ಅದನ್ನು ತೆರೆದ ಗಣಿಯಿಂದ, ಮೇಲ್ಮಣ್ಣು ತೆಗೆದು ಅಗೆಯಬೇಕು. ಒಣಗಿಸಲು ಉರುವಲು ಬೇಕು. ಭಾರವಾದ ಸರಕನ್ನು ದೂರ ಸಾಗಿಸಬೇಕು. ಒಂದು ಬೆಕ್ಕಿಗೆ ತಿಂಗಳಿಗೆ 10 ಕಿ.ಗ್ರಾಂ ಎಂದಿಟ್ಟುಕೊಂಡರೂ ವರ್ಷಕ್ಕೆ 120 ಕಿ.ಗ್ರಾಂ ಮಣ್ಣು ಪ್ಲಾಸ್ಟಿಕ್ ಚೀಲದಲ್ಲಿ ಕಸದ ಗುಡ್ಡ ಸೇರುತ್ತದೆ. ಅದು ಕೊಳೆಯುವುದಿಲ್ಲ, ಸುಡುವುದೂ ಇಲ್ಲ. ಶೌಚಾಲಯಕ್ಕೆ ಸುರಿದರೆ ಕೊಳವೆಯಲ್ಲಿ ಉಬ್ಬಿ ಕಟ್ಟಿಕೊಳ್ಳುತ್ತದೆ. ಇದರ ಧೂಳಿನಲ್ಲಿ ಸಿಲಿಕಾ ಕಣಗಳಿರಬಹುದು. ಗಣಿ ಹಾಗೂ ಗಿರಣಿಗಳಲ್ಲಿ ದಿನವಿಡೀ ದುಡಿಯುವವರ ಶ್ವಾಸಕೋಶಕ್ಕೆ ಅದು ಕೆಡುಕು.

ಈ ಕಾರಣಗಳಿಂದ ಸಸ್ಯಮೂಲದ ಹಾಸು ಬಳಕೆಗೆ ಬಂದಿದೆ. ಅಮೆರಿಕದಲ್ಲಿ ಮೆಕ್ಕೆಜೋಳದ ಕಾಳು, ಗೋಧಿ, ಪೈನ್ ಮರದ ಹೊಟ್ಟು, ಹಳೆಯ ಸುದ್ದಿಪತ್ರಿಕೆ. ಜರ್ಮನಿಯಲ್ಲಿ ಮರದ ನಾರು. ಜಪಾನ್ ಮತ್ತು ಚೀನಾಗಳಲ್ಲಿ ಸೋಯಾ ಹಾಲು ತೆಗೆದ ಮೇಲೆ ಉಳಿಯುವ ಚರಟ. ಇವು ಹಗುರ, ಕೊಳೆಯುವಂಥವು. ಆದರೆ ತಿನ್ನುವ ಕಾಳನ್ನು ಬೆಕ್ಕಿನ ತಟ್ಟೆಗೆ ಸುರಿಯುವುದು ನಮ್ಮ ದೇಶಕ್ಕೆ ಒಪ್ಪುವ ಮಾತಲ್ಲ. ಉಳಿಕೆಯನ್ನು ಬಳಸುವುದೇ ಸರಿ.

ದಿಂಡಿನ ಲೆಕ್ಕ

ದಾವಣಗೆರೆ, ಹಾವೇರಿ, ಚಿತ್ರದುರ್ಗದ ಕಡೆಯ ರೈತರಿಗೆ ಮೆಕ್ಕೆಜೋಳದ ದಿಂಡು ಹೊಸದಲ್ಲ. ಕಾಳು ಬಿಡಿಸಿದ ಮೇಲೆ ಉಳಿಯುವ ಈ ಬೆಂಡು ಹಂಡೆಯ ಒಲೆಗೆ, ಇಲ್ಲವೆ ಇಟ್ಟಿಗೆ ಗೂಡಿಗೆ ಹೋಗುತ್ತದೆ. ಉಳಿದದ್ದು ಕಣದ ಅಂಚಿನಲ್ಲಿ ನೆನೆಯುತ್ತದೆ. ಒಣ ತೆನೆಯ ತೂಕದಲ್ಲಿ ಸುಮಾರು ಐದನೆಯ ಒಂದು ಪಾಲು ದಿಂಡು. ಎಕರೆಗೆ 20 ಕ್ವಿಂಟಲ್ ಕಾಳು ಬಂದರೆ ಸುಮಾರು 5 ಕ್ವಿಂಟಲ್ ದಿಂಡು ಸಿಗುತ್ತದೆ.

ದಿಂಡನ್ನು ಚೆನ್ನಾಗಿ ಒಣಗಿಸಿ, ಹ್ಯಾಮರ್ ಮಿಲ್ಲಿನಲ್ಲಿ ಒಡೆದು, ಜರಡಿ ಹಿಡಿದು, ಧೂಳು ತೂರಿದರೆ ಒಂದೇ ಅಳತೆಯ ಹರಳು ದೊರೆಯುತ್ತದೆ. ಇದು ತೇವ ಹೀರುತ್ತದೆ, ಆದರೆ ತಾನಾಗಿ ಉಂಡೆ ಕಟ್ಟುವುದಿಲ್ಲ. ಅದಕ್ಕೆ ಗಂಜಿಹಿಟ್ಟನ್ನೋ ಗೋರಿಕಾಯಿ ಬೀಜದ ಅಂಟನ್ನೋ ಬೆರೆಸಬೇಕು.

ಈಗ ಆಸೆಗೆ ಬೀಳುವ ಮೊದಲು ಒಂದು ಲೆಕ್ಕ ಹಾಕಿ. ದಿಂಡಿನ ಹಾಸು ಹಗುರವಾದ್ದರಿಂದ ಬೆಕ್ಕಿಗೆ ತಿಂಗಳಿಗೆ 5 ಕಿ.ಗ್ರಾಂ ಸಾಕೆಂದು ಹಿಡಿಯೋಣ; ವರ್ಷಕ್ಕೆ 60 ಕಿ.ಗ್ರಾಂ. ಒಂದು ಎಕರೆಯ 500 ಕಿ.ಗ್ರಾಂ ದಿಂಡಿನಲ್ಲಿ ಧೂಳು, ನಷ್ಟ ಕಳೆದು 360 ಕಿ.ಗ್ರಾಂ ಹರಳು ಉಳಿದರೆ ಅದು 6 ಬೆಕ್ಕುಗಳಿಗೆ ಸಾಕು. ಸಾವಿರ ಎಕರೆಯ ದಿಂಡು 6,000 ಬೆಕ್ಕುಗಳಿಗೆ ಆಯಿತು. ಮೆಕ್ಕೆಜೋಳ ಬೆಳೆಯುವ ಒಂದು ತಾಲ್ಲೂಕಿನ ದಿಂಡಿಗೆ ಎಷ್ಟು ಬೆಕ್ಕು ಬೇಕೆಂದು ನೀವೇ ಗುಣಿಸಿ ನೋಡಿ. ಅಂದರೆ ಕಚ್ಚಾ ಮಾಲು ಬೇಕಾದಷ್ಟಿದೆ, ಗಿರಾಕಿ ಕಡಿಮೆ. ಬರಿಯ ದಿಂಡನ್ನು ಮಾರುವವನಿಗೆ ಉರುವಲಿನ ಬೆಲೆಗಿಂತ ಹೆಚ್ಚು ಸಿಗುವ ಭರವಸೆ ಇಲ್ಲ. ಲಾಭವಿದ್ದರೆ ಅದು ಒಣಗಿಸಿ, ಒಡೆದು, ಚೀಲ ತುಂಬಿ, ನಗರಕ್ಕೆ ಮುಟ್ಟಿಸುವವನಿಗೆ. ಒಬ್ಬಂಟಿಯಾಗಿ ಯಂತ್ರಕ್ಕೆ ಸಾಲ ಮಾಡಬೇಡಿ. ರೈತ ಉತ್ಪಾದಕರ ಸಂಸ್ಥೆ ಅಥವಾ ಸ್ವಸಹಾಯ ಸಂಘದ ಮೂಲಕ, ಕೊಳ್ಳುವವರನ್ನು ಮೊದಲು ಗೊತ್ತು ಮಾಡಿಕೊಂಡು, ಸಣ್ಣ ಪ್ರಮಾಣದಲ್ಲಿ ಆರಂಭಿಸಿ. ದಂಟು, ರವದಿಯನ್ನಂತೂ ಮಾರಬೇಡಿ. ಅವು ದನಕ್ಕೆ ಮತ್ತು ಮಣ್ಣಿಗೆ ಸೇರಬೇಕಾದವು.

ಮನೆಯಲ್ಲೇ ಒಂದು ಪರೀಕ್ಷೆ

ಒಣಗಿದ ದಿಂಡಿನ ನುಚ್ಚು, ಭತ್ತದ ಹೊಟ್ಟು ಮತ್ತು ತೆಂಗಿನ ನಾರಿನ ಪುಡಿಯನ್ನು ತಲಾ 100 ಗ್ರಾಂ ತೂಗಿ ಬೇರೆ ಬೇರೆ ಬಟ್ಟೆಯಲ್ಲಿ ಕಟ್ಟಿ. ಒಂದು ಗಂಟೆ ನೀರಿನಲ್ಲಿ ನೆನೆಸಿ, ಅರ್ಧ ಗಂಟೆ ತೂಗುಹಾಕಿ ಬಸಿಯಲು ಬಿಡಿ. ಒದ್ದೆ ಬಟ್ಟೆಯ ತೂಕ ಕಳೆದು ಮತ್ತೆ ತೂಗಿ. ಹೆಚ್ಚಿದ ತೂಕವೇ ಅದು ಹೀರಿದ ನೀರು. ಭತ್ತದ ಹೊಟ್ಟು ಹಿಂದೆ ಬೀಳುವುದನ್ನೂ ನಾರಿನ ಪುಡಿ ಮುಂದೆ ಹೋಗುವುದನ್ನೂ ಕಾಣುವಿರಿ. ಕೋಳಿ ಮನೆಗೆ ಹಾಸು ಆರಿಸಲೂ ಈ ಪರೀಕ್ಷೆ ಉಪಯೋಗಕ್ಕೆ ಬರುತ್ತದೆ. ಮಳೆಗೆ ನೆಂದು ಬೂಷ್ಟು ಹಿಡಿದ ದಿಂಡನ್ನು ಯಾವ ಹಾಸಿಗೂ ಬಳಸಬಾರದು.

ಮರೆಯಬಾರದ ಅಪಾಯ

ಟಾಕ್ಸೊಪ್ಲಾಸ್ಮ ಎಂಬ ಕಣ್ಣಿಗೆ ಕಾಣದ ಪರಾವಲಂಬಿ ಜೀವಿ ಬೆಕ್ಕಿನ ಕರುಳಿನಲ್ಲಿ ಸಂತಾನ ಬೆಳೆಸುತ್ತದೆ. ಮೊದಲ ಬಾರಿ ಸೋಂಕು ತಗಲಿದ ಬೆಕ್ಕು, ಹೆಚ್ಚಾಗಿ ಬೇಟೆ ಕಲಿತ ಎಳೆಯ ಬೆಕ್ಕು, ಒಂದರಿಂದ ಮೂರು ವಾರ ಮಲದಲ್ಲಿ ಇದರ ತತ್ತಿಕೋಶಗಳನ್ನು ಹೊರಹಾಕುತ್ತದೆ. ಹೊರಬಿದ್ದ 1ರಿಂದ 5 ದಿನಗಳಲ್ಲಿ ಅವು ಸೋಂಕು ತಗಲಿಸಲು ಸಮರ್ಥವಾಗುತ್ತವೆ. ತೇವದ ಮಣ್ಣಿನಲ್ಲಿ ತಿಂಗಳುಗಟ್ಟಲೆ ಬದುಕುತ್ತವೆ. ಅವು ಬಿದ್ದ ಮೇವನ್ನು ಗಬ್ಬದ ಕುರಿ-ಮೇಕೆ ತಿಂದರೆ ಕಂದು ಹಾಕಬಹುದು, ಇಲ್ಲವೆ ಸತ್ತ ಅಥವಾ ನಿಶ್ಶಕ್ತ ಮರಿ ಹಾಕಬಹುದು. ಗರ್ಭಿಣಿಗೆ ಮೊದಲ ಬಾರಿ ತಗಲಿದರೆ ಹೊಟ್ಟೆಯ ಮಗುವಿಗೆ ಹಾನಿ. ನೀರಿಗೆ ಸೇರಿದ ತತ್ತಿಕೋಶಗಳಿಂದ ಕ್ಯಾಲಿಫೋರ್ನಿಯದ ಕಡಲ ನೀರುನಾಯಿಗಳಿಗೂ ರೋಗ ತಗಲಿತು. ಹಾಸನ್ನು ಶೌಚಾಲಯಕ್ಕೆ ಸುರಿಯಬಾರದೆಂದು ಚೀಲದ ಮೇಲೆ ಮುದ್ರಿಸಬೇಕೆಂಬ ಕಾನೂನನ್ನು ಆ ರಾಜ್ಯ 2006ರಲ್ಲಿ ಮಾಡಿತು.

ಆದಕಾರಣ ಈ ಕ್ರಮಗಳನ್ನು ಪಾಲಿಸಿ:

1. ಮೇವಿನ ಬಣವೆ, ಹಿಂಡಿ ಚೀಲ, ಗೋದಲಿಗಳ ಹತ್ತಿರ ಬೆಕ್ಕು ಮರಿ ಹಾಕಲು ಬಿಡಬೇಡಿ. ಹಿಂಡಿ-ಬೂಸಾ ಮುಚ್ಚಿಡಿ.

2. ಕುರಿ-ಮೇಕೆ ಕಂದು ಹಾಕಿದರೆ ಬರಿಗೈಯಲ್ಲಿ ಮುಟ್ಟಬೇಡಿ. ಗರ್ಭಿಣಿಯರು ಹತ್ತಿರ ಹೋಗಬಾರದು. ಪಶುವೈದ್ಯರಿಗೆ ತಿಳಿಸಿ, ಕಂದು ಹಾಕಲು ಬೇರೆ ರೋಗಗಳೂ ಕಾರಣವಿರಬಹುದು, ಪರೀಕ್ಷೆಯಿಂದಲೇ ತಿಳಿಯಬೇಕು. ಅವರು ಮಾದರಿ ತೆಗೆದುಕೊಂಡ ಮೇಲೆ ಆಳವಾಗಿ ಹೂಳಿ.

3. ಬೆಕ್ಕಿನ ಮಲ ಬೆರೆತ ಯಾವ ಹಾಸನ್ನೂ, ಸಸ್ಯಮೂಲದ್ದಾದರೂ ಸರಿಯೇ, ತಿಪ್ಪೆಗೆ ಅಥವಾ ಎರೆಗೊಬ್ಬರದ ತೊಟ್ಟಿಗೆ ಹಾಕಬೇಡಿ. 60 ಡಿಗ್ರಿ ಸೆಲ್ಸಿಯಸ್ ದಾಟಿದ ಕಾವಿನಲ್ಲಿ ತತ್ತಿಕೋಶ ಸಾಯುತ್ತದೆ; ಆದರೆ ತಿಪ್ಪೆಯ ಅಂಚಿಗೆ ಆ ಕಾವು ಮುಟ್ಟುವುದಿಲ್ಲ.

4. ನಗರದ ಕಸದ ಗೊಬ್ಬರ ಕೊಳ್ಳುವಾಗ ಪೂರ್ತಿ ಕಳಿತದ್ದನ್ನೇ ಆರಿಸಿ. ಹಸಿಯಾಗಿ ತಿನ್ನುವ ಸೊಪ್ಪು, ಸೌತೆ, ಮೂಲಂಗಿಗಳಿಗೆ ಅರೆಕಳಿತ ಗೊಬ್ಬರ ಬೇಡ.

5. ಸಸಿ ಮಡಿಗೆ ಮುಳ್ಳಿನ ಕಂಟಿ ಅಥವಾ ಬಲೆ ಮುಚ್ಚಿ. ಮಣ್ಣಿನ ಕೆಲಸದ ನಂತರ ಸೋಪಿನಿಂದ ಕೈ ತೊಳೆಯಿರಿ. ಮಾಂಸವನ್ನು ಚೆನ್ನಾಗಿ ಬೇಯಿಸಿ, ಹಾಲನ್ನು ಕಾಯಿಸಿ ಬಳಸಿರಿ.

6. ನಗರದಲ್ಲಿರುವ ನಿಮ್ಮ ಮಕ್ಕಳು ಬೆಕ್ಕು ಸಾಕಿದ್ದರೆ ತಟ್ಟೆಯನ್ನು ದಿನವೂ ಶುಚಿ ಮಾಡಲು ಹೇಳಿ. ಸೋಂಕು ಹರಡುವ ಶಕ್ತಿ ಬರುವ ಮೊದಲೇ ತತ್ತಿಕೋಶ ಹೊರಹೋಗುತ್ತದೆ. ಆ ಕೆಲಸವನ್ನು ಬಸುರಿ ಹೆಣ್ಣುಮಗಳು ಮಾಡಬಾರದು.

ಇದನ್ನೆಲ್ಲ ಓದಿ ಬೆಕ್ಕನ್ನು ಊರಾಚೆ ಬಿಟ್ಟು ಬರಬೇಡಿ. ಸೈಪ್ರಸ್ ದ್ವೀಪದಲ್ಲಿ ಸುಮಾರು 9,500 ವರ್ಷಗಳ ಹಿಂದಿನ ಸಮಾಧಿಯೊಂದರಲ್ಲಿ ಮನುಷ್ಯನ ಪಕ್ಕದಲ್ಲೇ ಬೆಕ್ಕಿನ ಅಸ್ಥಿಪಂಜರ ದೊರೆತಿದೆ. ಕಾಳು ಕೂಡಿಟ್ಟಲ್ಲಿ ಇಲಿ, ಇಲಿ ಇದ್ದಲ್ಲಿ ಬೆಕ್ಕು. ಬೇಸಾಯದಷ್ಟೇ ಹಳೆಯ ನಂಟು ಇದು. ಕಣಜ ಕಾಯುವ ಬೆಕ್ಕು ಮನೆಯಲ್ಲಿರಲಿ, ಅದರ ಮಲ ಮೇವಿಗೆ ಸೇರದಿರಲಿ. ಈ ಸಲ ಕಾಳು ಬಿಡಿಸಿದ ಮೇಲೆ ದಿಂಡನ್ನು ಮಳೆಗೆ ಬಿಡದೆ ಒಣಗಿಸಿ ಒಂದೆಡೆ ಒಟ್ಟಿಡಿ. ಅದು ಒಲೆಗೋ, ಕೋಳಿ ಮನೆಗೋ, ಪೇಟೆಗೋ ಎಂಬುದನ್ನು ಲೆಕ್ಕ ಹಾಕಿ ನಿರ್ಧರಿಸಿ. ಹೆಚ್ಚಿನ ವಿವರಗಳಿಗೆ ಸಮೀಪದ ಕೃಷಿ ವಿಜ್ಞಾನ ಕೇಂದ್ರವನ್ನೂ ಪಶುವೈದ್ಯರನ್ನೂ ಸಂಪರ್ಕಿಸಿರಿ.